ಚಪ್ಪಲಿ ಹಿಡಿದ ಕ್ಯಾಮೆರಾ

ನೋಡಿ ಸ್ವಾಮಿ, ಎರಡನೇ ಮಹಾಯುದ್ಧ ಮುಗಿದ ಮೇಲೆ ಕ್ಯೋಟೋದಲ್ಲಿ ತಯಾರಾದ ಸಮುರಾಯ್ ಚಿತ್ರಗಳಲ್ಲಿ ಕ್ಯಾಮೆರಾಗೆ ಮರ್ಯಾದೆ ಕಲಿಸಿದವನು ಯಾರು ಅಂತ ಯಾರಾದರೂ ಕೇಳಿದರೆ, ಕಣ್ಣು ಮುಚ್ಚಿಕೊಂಡು ನನ್ನ ಹೆಸರು ಹೇಳಿಬಿಡಿ.

ಛಾಯಾಗ್ರಾಹಕನಾಗಿ ಅದು ನನ್ನ ಮೊದಲ ದಿನ. ದೊರೆ ಕೋಟೆಯೊಳಗೆ ಬರುತ್ತಾನೆ, ಇನ್ನೂರು ಜನ ತಲೆ ಬಾಗಿಸುತ್ತಾರೆ, ನಾನು ದೊರೆಯ ಮುಖ ಹಿಡಿಯಬೇಕು. ಫಿಲ್ಮಿಗೆ ಬರ ಬಂದಿದ್ದ ಕಾಲ, ಹಾಗಾಗಿ ಒಂದೇ ಟೇಕ್. ತಪ್ಪಿದರೆ ಮತ್ತೆ ಟ್ರೈಪಾಡ್ ಹೊರುವ ಕೆಲಸವೇ ಗತಿ.

ಮರುದಿನ ತೆರೆಯ ಮೇಲೆ ನೋಡಿದರೆ ದೊರೆಯ ಮುಖವೇ ಇಲ್ಲ! ಕ್ಯಾಮೆರಾ ಮೆಲ್ಲಗೆ ಕೆಳಗಿಳಿದು, ಅವನ ಚಪ್ಪಲಿಗಳನ್ನೇ ನೋಡುತ್ತಾ ನಿಂತಿತ್ತು.

"ಮುಖ ಎಲ್ಲಯ್ಯಾ?" ನಿರ್ದೇಶಕರು ಗುಡುಗಿದರು.

ಸಿನಿಮಾ ಡೈಲಾಗು ತಿಂದೇ ಬೆಳೆದ ನಾಲಿಗೆ ನನ್ನದು. ಎದೆಯುಬ್ಬಿಸಿ ನಿಂತೆ. "ಗುರುಗಳೇ, ದೊರೆ ಬಂದಾಗ ತಲೆಯೆತ್ತಿ ನೋಡೋ ಗಂಡೆದೆ ಯಾರಿಗಿದೆ? ನನ್ನ ಕ್ಯಾಮೆರಾನೂ ಅವರ ಪ್ರಜೇನೇ!"

ಅವರು ಕನ್ನಡಕ ತೆಗೆದು ಕಣ್ಣೊರೆಸಿಕೊಂಡರು. "ಎಂಥಾ ಮಾತಯ್ಯಾ! ಇನ್ಮೇಲೆ ನನ್ನ ಎಲ್ಲಾ ಸಿನಿಮಾಕ್ಕೂ ನೀನೇ."

"ದೊರೆ ಪಾತ್ರ ಮಾಡಿದ ಹೀರೋ ಸಿಟ್ಟಾಗಲ್ವಾ?"

"ಅವನ ಮುಖ ನಾನು ನೋಡ್ಕೋತೀನಿ, ನೀನು ಚಪ್ಪಲಿ ನೋಡ್ಕೋ."

ಹೀಗೆ ಇಪ್ಪತ್ತಮೂರು ಚಿತ್ರ ಮಾಡಿದೆ. ನಿಮ್ಮ ಹತ್ತಿರ ಸುಳ್ಳು ಯಾಕೆ? ಆ ಮೊದಲ ದಿನ ಸೆಟ್ಟಿನಲ್ಲಿ ಕಾವಲುಗಾರನ ಪಾತ್ರದವನು "ದೊರೆ ಬಂದರು, ತಲೆ ಬಾಗಿಸ್ರೋ!" ಅಂತ ಅಬ್ಬರಿಸಿದ. ಹುಟ್ಟಿದಾಗಿನಿಂದ ಬಂದ ಅಭ್ಯಾಸ ನೋಡಿ, ಕ್ಯಾಮೆರಾ ಹಿಡಿದುಕೊಂಡೇ ನಾನೂ ಬಾಗಿಬಿಟ್ಟೆ.