ಎರಡೂವರೆ ಗೋಲು

"ಮೊದಲು ನಮ್ಮನ್ನ ಸೋಲಿಸು, ಆಮೇಲೆ ಮದುವೆ ಮಾತು" ಎಂದರು ವಿನುತಾಳ ಅಪ್ಪ. ಅವರು ಕಾಲೇಜು ಫುಟ್‌ಬಾಲ್ ತಂಡದ ಕೋಚ್. ಹೆಣ್ಣು ಕೇಳಲು ಬಂದಿದ್ದ ಯತೀಶ ಎದುರಾಳಿ ಕಾಲೇಜಿನ ಕೋಚ್. ಅವನ ಹುಡುಗರು ಗೆದ್ದದ್ದನ್ನು ಕಂಡವರೇ ಇಲ್ಲ.

"ಅದು ಆಗೋ ಮಾತಲ್ಲ. ಇವ್ರಿಗೆ ಎರಡೂವರೆ ಗೋಲು ಮೊದಲೇ ಬಿಟ್ಕೊಡಪ್ಪ" ಎಂದಳು ವಿನುತಾ.

"ಅರ್ಧ ಗೋಲು ಯಾವ ಕಾಲಲ್ಲಿ ಹೊಡೀತಾರೆ?"

"ಯಾರೂ ಹೊಡಿಯಲ್ಲ. ಲೆಕ್ಕ ಸಮ ಆಗಿ ಜಗಳ ಬರಬಾರ್ದು ಅಂತ. ಇವ್ರು ಎರಡು ಗೋಲಲ್ಲಿ ಸೋತ್ರೆ ಕಪ್ ನಿಂಗೆ, ಬಾಜಿ ಇವ್ರಿಗೆ. ಮೂರಲ್ಲಿ ಸೋತ್ರೆ ಎರಡೂ ನಿಂಗೇ."

ಅಪ್ಪ ಮೀಸೆ ತೀಡಿಕೊಂಡು ಒಪ್ಪಿದರು.

ಪಂದ್ಯ ಮುಗಿಯುತ್ತ ಬಂದಾಗ ಅಪ್ಪನ ತಂಡ ಎರಡು ಗೋಲು ಮುಂದಿತ್ತು. ಸೋಲುವವರ ನಡುವೆ ವಿನುತಾ ದುಪಟ್ಟಾ ಬೀಸಿ ಕುಣಿಯುತ್ತಿದ್ದಳು. ನೋಡಿದವರು ಇವಳಿಗೆ ತಲೆಕೆಟ್ಟಿದೆ ಅಂದುಕೊಂಡರು.

ಅಷ್ಟರಲ್ಲಿ ಅಪ್ಪನ ತಂಡಕ್ಕೆ ಪೆನಾಲ್ಟಿ ಸಿಕ್ಕಿತು. ದುಪಟ್ಟಾ ಅವಳ ಕೈಯಲ್ಲೇ ಮುದುಡಿತು. ಗುರಿ ತಪ್ಪದ ಕ್ಯಾಪ್ಟನ್ ಚೆಂಡಿಟ್ಟು ಹಿಂದೆ ಸರಿದ.

"ನೀನು ಬಿಡಪ್ಪ" ಎಂದು ಅಪ್ಪ ಗೆರೆಯಾಚೆಯಿಂದ ಕೂಗಿದರು. "ಮೊನ್ನೆ ಗೋಲಿಗೆ ಅಂತ ಒದ್ದು ಕ್ಯಾಂಟೀನ್ ಹೆಂಚು ಒಡೆದನಲ್ಲ, ಅವನು ಬರ್ಲಿ."