ದೀಡ್ ಟನ್ನಿನ ತೂಕ

ಎರಡು ನಿಮಿಷ ಇದ್ದರೆ ನಿಧಾನವಾಗಿ ಓದಿ... ಬಿಸಿಲೂರಿನ ಕಥೆ ಇದು.

ಕಲಬುರಗಿಯಲ್ಲಿ ಒಬ್ಬ ತೊಗರಿಬೇಳೆ ವ್ಯಾಪಾರಿ. ಹೆಸರು ವೀರಭದ್ರಪ್ಪ.

ದೇವರ ದೀಪಕ್ಕೆ ಎಣ್ಣೆ ಹಾಕುವಾಗಲೂ ಬಾಟಲಿ ಮೂಸಿ ನೋಡುವ ಮನುಷ್ಯ! ಯಾರ ಕೈಯಲ್ಲೂ ಮೋಸ ಹೋಗಬಾರದು... ಅದೊಂದೇ ಅವನ ಜಪ.

ಮೇ ತಿಂಗಳು. ಮಗಳು ಶಾಂಭವಿಗೆ ದಿನ ತುಂಬುವ ಮೊದಲೇ ಹೆರಿಗೆಯಾಯಿತು. ಅಂಗೈ ಅಗಲದ ಗಂಡುಕೂಸು.

ಹೋದ ವರ್ಷದ ಕೂಸು ಉಳಿದಿರಲಿಲ್ಲ...

ಡಾಕ್ಟರಮ್ಮ ಹೇಳಿದರು, "ಶುಕ್ರವಾರ ಮನಿಗಿ ಕರ್ಕೊಂಡು ಹೋಗ್ರಿ. ಆದ್ರ ಈ ಕೂಸಿಗಿ ಬಿಸಲೂ ತಡಿಯಂಗಿಲ್ಲ, ಥಂಡಿನೂ ತಡಿಯಂಗಿಲ್ಲ. ಕೋಣಿಗಿ ಎ.ಸಿ. ಹಾಕಸ್ರಿ."

ಮೊದಲು ಬಂದವನು ದೊಡ್ಡ ಕಂಪನಿಯವನು. ಕೊರಳಲ್ಲಿ ಟೈ, ಕೈಯಲ್ಲಿ ಟ್ಯಾಬ್. ಬಾಗಿಲಲ್ಲಿ ನಿಂತೇ ಕೋಣೆ ಅಳೆದ.

"ಎರಡು ಟನ್ ಬೇಕು ಸರ್. ಈ ಗೋಡೆಗೆ ಹಾಕ್ತೀವಿ. ಹತ್ತು ವರ್ಷ ವಾರಂಟಿ... ಸೀಸನ್ ಅಲ್ವಾ, ಎಂಟು ದಿನ ಆಗುತ್ತೆ."

ಐದೇ ನಿಮಿಷ! ಇಷ್ಟು ಬೇಗ ಅಳೆದವನನ್ನು ನಂಬುವುದು ಹೇಗೆ? ಆದರೂ ದೊಡ್ಡ ಬೋರ್ಡು ಇದ್ದವನು ಊರು ಬಿಟ್ಟು ಓಡಲಾರ...

ಆದರೆ ಕೂಸು ಎಂಟು ದಿನ ಕಾಯುವುದೇ?

ಎರಡನೆಯವನು ಚಾಂದಪಾಷಾ. ಬಸ್ ಸ್ಟ್ಯಾಂಡ್ ಹಿಂದೆ ಒಂದು ಗೂಡಿನಷ್ಟು ಅಂಗಡಿ, ಹಳೆಯ ಸ್ಕೂಟರು. ಸುಡುವ ಮಧ್ಯಾಹ್ನ ಮೂರಕ್ಕೇ ಬಂದ.

ಬಂದವನೇ ಪಡುವಣ ಗೋಡೆಗೆ ಅಂಗೈ ಒತ್ತಿ, ಕಣ್ಣು ಮುಚ್ಚಿ ನಿಂತುಬಿಟ್ಟ.

ಗೋಡೆಯೊಳಗೆ ಏನು ಬಚ್ಚಿಟ್ಟಿದೆ ಅಂತ ನೋಡುತ್ತಿದ್ದಾನೋ... ವೀರಭದ್ರಪ್ಪ ಅಲ್ಲಿಂದ ಕದಲಲಿಲ್ಲ.

"ಸಾವ್ಕಾರ್ರ, ಈ ಕೋಣ್ಯಾಗ ಮಲಗೋರು ಯಾರ್ರಿ?"

"ಅದು ನಿನಗ್ಯಾಕ ಬೇಕು? ನೀ ಮಿಷನ್ ಹಾಕು."

"ಮಧ್ಯಾಹ್ನ ಮನ್ಯಾಗ ಯಾರಿರ್ತಾರ್ರಿ?"

"ತಿಜೋರಿ ಕೀಲಿಕೈ ಎಲ್ಲಿಡ್ತೀನಿ ಅಂತನೂ ಕೇಳಿಬಿಡು!"

ಚಾಂದಪಾಷಾ ನಕ್ಕ. ಸ್ವಲ್ಪ ಹೊತ್ತು ಜಂತಿಯ ಕಡೆ ನೋಡಿದ. "ದೀಡ್ ಟನ್ ಸಾಕ್ರಿ, ಒಂದೂವರಿ. ಮೊದಲ ಮಾಳಿಗಿ ಮ್ಯಾಲ ಸುಣ್ಣ ಹಚ್ಚಸ್ರಿ, ಸೆಕಿ ಇಳೀತದ" ಎಂದ.

ಅವನು ಹೋದ ಮೇಲೆ ವೀರಭದ್ರಪ್ಪ ಹೆಂಡತಿಗೆ ಹೇಳಿದ, "ಕಂಪನಿಯವ ಎರಡು ಟನ್ ಅಂದ, ಇವ ದೀಡ್ ಅಂತಾನ. ಉಳಿದ ಅರ್ಧ ಟನ್ ಎಲ್ಲಿ ನುಂಗಿದ?"

"ಕಮ್ಮಿ ಮಾರೋನು ಕಳ್ಳ ಅಂತ ನಿಮ್ಮ ಬಾಯಾಗೇ ಕೇಳ್ದೆ ನೋಡ್ರಿ!" ಎಂದಳು ಅವಳು.

ಬೇರೆ ದಾರಿ ಇರಲಿಲ್ಲ. ಕೆಲಸ ಚಾಂದಪಾಷಾನಿಗೇ ಹೋಯಿತು.

ಗುರುವಾರ ಬೆಳಿಗ್ಗೆ ಅವನು ಮಿಷನ್ ತಂದ. ವೀರಭದ್ರಪ್ಪ ಅದನ್ನು ಮನೆಗೆ ಒಯ್ಯಲು ಬಿಡಲಿಲ್ಲ... ಅಂಗಡಿಯ ಮುಂದೆ ಇಳಿಸಿ, ಬೇಳೆಚೀಲ ತೂಗುವ ಕಾಟಾದ ಮೇಲೆ ಇಡಿಸಿದ!

ಹೊರಗಿನದು, ಒಳಗಿನದು... ಎರಡೂ ಸೇರಿ ನಲವತ್ತೆಂಟು ಕೆಜಿ.

"ಟನ್ ಅಂದ್ರ ಹತ್ತು ಕ್ವಿಂಟಲ್! ದೀಡ್ ಟನ್ ಅಂದಿ... ಇದು ಅರ್ಧ ಕ್ವಿಂಟಲ್ಲೂ ತುಂಬವಲ್ದು. ಯಾರಿಗಿ ಟೊಪ್ಪಿಗಿ ಹಾಕ್ತಿ?"

ಚೀಲ ಹೊರುವ ಹಮಾಲರೆಲ್ಲ ಕೇಕೆ ಹಾಕಿ ನಕ್ಕರು. "ಚಾಚಾ ಸಿಕ್ಕಿಬಿದ್ದ ನೋಡ್ರೋ!"

ಚಾಂದಪಾಷಾ ತಲೆ ತಗ್ಗಿಸಿದ. "ತೂಕ ನೋಡಿದ್ದು ಚಲೋ ಆತ್ರಿ ಸಾವ್ಕಾರ್ರ. ಒಂದೀಟು ಒಳಗ ಬರ್ರಿ, ಹೇಳ್ತೀನಿ."

ಚೀಲಗಳ ಮರೆಯಲ್ಲಿ ದನಿ ತಗ್ಗಿಸಿ ಹೇಳಿದ...

"ಇದು ತೂಕದ ಟನ್ ಅಲ್ರಿ. ಹಿಂದಕ ಮಂಜುಗಡ್ಡಿಲಿಂದ ಕೋಣಿ ತಂಪು ಮಾಡ್ತಿದ್ರು. ಒಂದು ಟನ್ ಮಂಜುಗಡ್ಡಿ ಒಂದು ದಿನದಾಗ ಕರಗಿ ಎಷ್ಟು ಸೆಕಿ ನುಂಗ್ತದೋ... ಅಷ್ಟು ಕೆಲಸಕ್ಕ ಒಂದು ಟನ್ ಅಂತಾರ. ಎಷ್ಟು ತೂಗ್ತದ ಅಂತಲ್ರಿ... ಎಷ್ಟು ಕರಗ್ತದ ಅಂತ."

ವೀರಭದ್ರಪ್ಪನ ಮುಖ ಸಣ್ಣದಾಯಿತು.

"ಇದನ್ನ ಅಲ್ಲೇ ಹೇಳಿದ್ರ ಆಗ್ತಿರ್ಲಿಲ್ಲೇನು?"

"ಆ ಹಮಾಲರು ನಾಳಿನೂ ನಿಮ್ಮ ಮಾತು ಕೇಳಬೇಕಲ್ರಿ... ನನ್ನ ನೋಡಿ ನಕ್ರ ನನಗೇನ್ ಹೋಗ್ತದ?"

ಆದರೂ ಸಂಶಯ ಸುಮ್ಮನೆ ಸಾಯುತ್ತದೆಯೇ! ಈ ಸವಿಮಾತೂ ಮೋಸದ ಒಂದು ಬಣ್ಣ ಇರಬಹುದು... ವೀರಭದ್ರಪ್ಪ ಮನೆಯವರೆಗೂ ಹಿಂದೆಯೇ ಹೋಗಿ ನಿಂತ.

ಚಾಂದಪಾಷಾ ಕಂಪನಿಯವನು ತೋರಿಸಿದ ಗೋಡೆ ಬಿಟ್ಟು, ಮಗ್ಗುಲ ಗೋಡೆಗೆ ಡ್ರಿಲ್ ಇಟ್ಟ.

"ಏ, ನಿಂದ್ರು! ಕಂಪನಿಯವ ಆ ಗೋಡಿ ತೋರಿಸಿದ್ದ, ನೀ ಅಲ್ಲಿ ಯಾಕ? ಪೈಪು ಉಳಿಸ್ಕೊಳ್ಳಾಕೇನು?"

ಚಾಂದಪಾಷಾ ಡ್ರಿಲ್ ಇಳಿಸಿದ. ಮೇಲೆ ಬೆರಳು ತೋರಿಸಿದ.

ಜಂತಿಯಲ್ಲಿ ಒಂದು ಕಬ್ಬಿಣದ ಕೊಂಡಿ... ಶಾಂಭವಿಯ ತೊಟ್ಟಿಲು ತೂಗಿದ ಕೊಂಡಿ.

"ಆ ಗೋಡಿಗಿ ಹಾಕಿದ್ರ ಥಂಡಿ ಗಾಳಿ ನೆಟ್ಟಗ ಕೂಸಿನ ಎದಿ ಮ್ಯಾಲೇ ಬೀಳ್ತದ್ರಿ."

"ಕೂಸಿನ ಸುದ್ದಿ ನಿನಗ ಯಾರು ಹೇಳಿದ್ರು?"

"ಯಾರು ಮಲಗ್ತಾರ ಅಂತ ಅವತ್ತೇ ಕೇಳ್ದೆ... ನೀವು ಹೇಳ್ಲಿಲ್ಲ. ಕೊಂಡಿಗಿ ಹೊಸಾ ಎಣ್ಣಿ ಹಚ್ಚಿತ್ತು. ಅದೇ ಹೇಳ್ತು."

ವೀರಭದ್ರಪ್ಪ ತಲೆಯೆತ್ತಿ ಆ ಕೊಂಡಿಯನ್ನೇ ನೋಡಿದ.

ತಾನು ಈ ಮನುಷ್ಯನನ್ನು ಕಳ್ಳನೆಂದು ಕಾಯುತ್ತಿದ್ದ... ಈ ಮನುಷ್ಯನೋ, ಇನ್ನೂ ಮುಖವನ್ನೇ ಕಾಣದ ಕೂಸನ್ನು ಕಾಯುತ್ತಿದ್ದ.

ಶುಕ್ರವಾರ. ಹೊರಗೆ ಬೆಂಕಿಯಂಥ ಬಿಸಿಲು... ಒಳಗೆ ತೊಟ್ಟಿಲಲ್ಲಿ ಕೂಸು ಮುಷ್ಟಿ ಬಿಚ್ಚಿ ನಿದ್ದೆ ಹೋಯಿತು.

ತಂಪಿನ ಹದ ನೋಡಲು ಬಂದಿದ್ದ ಚಾಂದಪಾಷಾನ ಕೈ ಹಿಡಿದು ವೀರಭದ್ರಪ್ಪ ಹೇಳಿದ, "ಚಾಚಾ, ನಮ್ಮ ಬ್ಯಾಳಿ ಗೋದಾಮಿಗೂ ನೀವೇ ಹಾಕ್ರಿ."

"ಅದು ನನ್ನ ಕೈಲಾಗೋ ಮಾತಲ್ರಿ ಸಾವ್ಕಾರ್ರ. ಅಷ್ಟು ದೊಡ್ಡ ಕೆಲಸಕ್ಕ ಆ ಕಂಪನಿಯವರನ್ನೇ ಕರೀರಿ. ಅವರ ಕಡಿ ಮಂದಿ ಅದಾರ, ಸಾಮಾನ ಅದಾವ. ಗೋದಾಮಿನ್ಯಾಗ ಏನಿಡ್ತೀರಿ ಅಂತ ಅವರು ಕೇಳಲಿಲ್ಲಂದ್ರ... ನೀವೇ ಹೇಳ್ರಿ."

ಬಂದ ಕೆಲಸವನ್ನು ಯಾಕೆ ಬಿಡುತ್ತಾನೆ ಇವನು?... ಜೀವಮಾನದಲ್ಲಿ ಮೊದಲ ಸಲ ವೀರಭದ್ರಪ್ಪ ಆ ಪ್ರಶ್ನೆ ಕೇಳಿಕೊಳ್ಳಲಿಲ್ಲ.

ಶಲ್ಯದ ತುದಿಯಿಂದ ಕಣ್ಣು ಒರೆಸಿಕೊಂಡ... ಅಷ್ಟೇ.

🙏

ಮನುಷ್ಯನ ತೂಕ ಅವನ ಬೋರ್ಡಿನಲ್ಲಿಲ್ಲ... ಇನ್ನೊಬ್ಬರ ಸೆಕೆಗೆ ಅವನೆಷ್ಟು ಕರಗುತ್ತಾನೆ ಎಂಬುದರಲ್ಲಿದೆ.

"ಇಲ್ಲಿ ಮಲಗೋರು ಯಾರು?" ಎಂದು ಯಾರಾದರೂ ಕೇಳಿದಾಗ ನಿಮಗೆ ಮೊದಲು ನೆನಪಾಗುವುದು ತಿಜೋರಿಯೋ... ತೊಟ್ಟಿಲೋ?