ಬಾವಿಯ ಕಥೆ

ಒಬ್ಬರೇ ಬಂದಿದ್ದ ಹಿರಿಯರೊಬ್ಬರಿಗೆ ಬೆಳಗಿನಿಂದ ಹಳೇ ಪೇಟೆಯ ಬೀದಿಗಳನ್ನೆಲ್ಲ ತೋರಿಸಿಕೊಂಡು ಬಂದ ಗೈಡ್ ಪಂಕಜ, ಅವರು ಒಂದು ತೊಟ್ಟಿಮನೆಯ ಮುಂದೆ ನಿಂತಾಗ ತಾನೂ ನಿಂತಳು.

"ಇದನ್ನೇ ನಾನು ಕೊಳ್ತಿರೋದಮ್ಮ," ಎಂದರು ಹಿರಿಯರು.

ಅದೇ ಮನೆಯ ಹಿಂದಿನ ಕೋಣೆಯಲ್ಲಿ ಬಾಡಿಗೆಗಿದ್ದ ಪಂಕಜಳ ತಾಯಿ ಹಾಸಿಗೆ ಹಿಡಿದಿದ್ದಳು. ಮನೆ ಕೈಬದಲಾದರೆ ಆ ಜೀವವನ್ನು ಹೊತ್ತುಕೊಂಡು ಎಲ್ಲಿಗೆ ಹೋಗುವುದು? ಪ್ರವಾಸಿಗರ ಮೈ ಜುಮ್ಮೆನ್ನಿಸಲು ತಾನೇ ಕಟ್ಟಿದ್ದ ಕಥೆ ಪಂಕಜಳ ನಾಲಿಗೆಗೆ ಬಂತು.

"ಬೇಡಿ ಸಾರ್. ಒಳಗಿನ ಬಾವಿಗೆ ಇಬ್ಬರು ಸೊಸೆಯಂದಿರು ಬಿದ್ದಿದ್ದಾರೆ. ಇಲ್ಲಿ ಸಂಸಾರ ಹೂಡಿದವರು ಯಾರೂ ಉದ್ಧಾರ ಆಗಿಲ್ಲ."

"ಏನಮ್ಮ, ಹೆದರಿಸ್ತಿದೀಯಾ?"

"ನಮ್ಮಮ್ಮನಾಣೆಗೂ ನಿಜ ಸಾರ್!"

ಹಿರಿಯರ ಮುಖ ಸಪ್ಪಗಾಯಿತು. ತೇಗದ ಕಂಬವನ್ನೊಮ್ಮೆ ಸವರಿ ಅವರು ಹೆಂಡತಿಗೆ ಫೋನ್ ಮಾಡಿದರು. ಪಂಕಜ ಹಿಡಿದಿದ್ದ ಉಸಿರು ಬಿಟ್ಟಳು.

"ಇಲ್ಲಿ ವಾಸ ಇರೋದು ಬೇಡ ಕಣೇ. ಅಡ್ವಾನ್ಸ್ ಕೊಟ್ಟಾಗಿದೆ, ಕೆಡವಿಸಿ ಅಂಗಡಿಗಳನ್ನ ಕಟ್ಟಿಸೋಣ. ಹಿಂದಿನ ಕೋಣೆಯ ಅಜ್ಜಿ ಕೊನೇವರೆಗೂ ಇಲ್ಲೇ ಇರಲಿ ಅಂದಿದ್ದೆಯಲ್ಲ, ಪಾಪ, ಇನ್ನು ಅದಾಗಲ್ಲ."